ಬೇಕರಿ ಹುಡುಗನ ಕೆನ್ನೆ

“ಅಯ್ಯಯ್ಯೋ, ಹೆಣ! ಹೆಣ ಬ್ರೆಡ್ ಮಾರ್ತಿದೆ!”

ಬೋಗ್ದಾನ್ ಟಿವಿ ಕಡೆ ಕೈ ತೋರಿಸಿ ಕಿರುಚಿದ. ನೆಲದ ಮೇಲೆ ಕೂತಿದ್ದ ಮಕ್ಕಳೆಲ್ಲ ಹೋ ಎಂದು ನಕ್ಕರು. ಅವನ ಪುಟ್ಟ ತಂಗಿ ಮಾತ್ರ ಮುಖ ಮುಚ್ಚಿಕೊಂಡು ಅಳತೊಡಗಿದಳು.

ಪೋಲೆಂಡಿನ ವೂಚ್ ಊರಿನ ಆ ವಠಾರಕ್ಕೆಲ್ಲ ಆಗ ಇದ್ದದ್ದು ಪಾನಿ ಸ್ತೆಫಾ, ಅಂದರೆ ಸ್ತೆಫಾ ಮೇಡಂ ಅವರ ಮನೆಯ ಈ ಒಂದೇ ಟಿವಿ. ಇಷ್ಟು ದೊಡ್ಡ ಪೆಟ್ಟಿಗೆ, ತಟ್ಟೆಯಗಲದ ಗಾಜು, ಕಪ್ಪು ಬಿಳುಪು ಬಿಟ್ಟರೆ ಇನ್ನೊಂದು ಬಣ್ಣವಿಲ್ಲ. ಅಷ್ಟಕ್ಕೇ ಅವರ ಬಿಗುಮಾನ ಹೇಳತೀರದು. ಅದರೊಳಗೆ ಬೇಕರಿ ಹುಡುಗನ ಗೊಂಬೆ ಟಕ್ ಟಕ್ ಎಂದು ನಡೆಯುತ್ತಿತ್ತು. ರೆಪ್ಪೆ ಬಡಿಯುತ್ತಿರಲಿಲ್ಲ. ಕೆನ್ನೆಗಳ ಜಾಗದಲ್ಲಿ ಎರಡು ಕರಿ ತೂತು. ಮಕ್ಕಳ ಕಾರ್ಯಕ್ರಮವಂತೆ!

“ಇರ್ಕಾ, ‘ನಮ್ಮಮ್ಮ ಬಣ್ಣ ಹಚ್ಚಿದ ಗೊಂಬೆ ಟಿವಿಲಿ ಬರುತ್ತೆ’ ಅಂತ ವಾರವೆಲ್ಲ ಜಂಬ ಕೊಚ್ಕೊಂಡ್ಯಲ್ಲ, ಇದೇನಾ?” ಎಂದ ಬೋಗ್ದಾನ್. “ಕಣ್ಣು ಮುಚ್ಕೊಂಡು ಹಚ್ಚಿದ್ರಾ?”

“ಮಸಿ ಡಬ್ಬಿಗೆ ಕೈ ಹಾಕಿರ್ಬೇಕು,” ಎಂದು ಪಾನಿ ಸ್ತೆಫಾ ಮೂಗು ಮುರಿದರು.

ಇರ್ಕಾಗೆ ಭೂಮಿ ಬಾಯಿಬಿಡಬಾರದೇ ಅನ್ನಿಸಿತು. “ಮುಖಕ್ಕೆ ಹಚ್ಚಿದ್ದು ಬೇರೆ ಯಾರೋ. ನಮ್ಮಮ್ಮ ಬರೀ ಬೂಟಿಗೆ ಹಚ್ಚೋದು,” ಎಂದುಬಿಟ್ಟಳು.

ಬಾಗಿಲಲ್ಲಿ ಅಮ್ಮ ನಿಂತಿದ್ದಳು. ಎಲ್ಲರಿಗೂ ಅಂತ ಗಸಗಸೆ ಕೇಕು ತಂದಿದ್ದಳು.

“ಹೌದು, ನಾನು ಬೂಟಿನವಳು,” ಎಂದು ಸುಮ್ಮನೆ ಕೇಕು ಕತ್ತರಿಸತೊಡಗಿದಳು.

ಅವಳ ಉಗುರಿನ ಸಂದಿಯಲ್ಲಿ ಕೆಂಪು ಬಣ್ಣವಿತ್ತು. ಅದನ್ನು ಕಂಡದ್ದೇ ಇರ್ಕಾಗೆ ಅಮ್ಮ ಗೊಂಬೆಗಳಿಗೆ ಬಣ್ಣ ಹಚ್ಚುವ ಸ್ಟುಡಿಯೋದಲ್ಲಿ ಅವತ್ತು ನಡೆದದ್ದು ನೆನಪಾಯಿತು. “ಸಾಕು ಕಣೇ, ಟಿವಿಲಿ ಕೆಂಪು ಕಪ್ಪಾಗುತ್ತೆ,” ಎಂದು ಅಮ್ಮ ಅಂದಿದ್ದಳು. “ಇನ್ನೂ ಹಚ್ಚು! ಚೆರ್ರಿ ಥರ ಆಗ್ಬೇಕು!” ಎಂದು ಮುಖ ಊದಿಸಿಕೊಂಡು ಕೂತವಳು ಯಾರು? ಆಗ ತಾನೇ ಅಮ್ಮ ಕುಂಚವನ್ನು ಮತ್ತೆ ಅದ್ದಿದ್ದು!

ಈಗ ಅಮ್ಮ ಅದನ್ನು ಹೇಳಬಹುದಿತ್ತು. ಹೇಳಲಿಲ್ಲ. ಬೋಗ್ದಾನನಿಗೇ ದೊಡ್ಡ ತುಂಡು ಕೊಟ್ಟಳು.

ಇರ್ಕಾ ಎದ್ದು ನಿಂತಳು. “ನಾನು ಸುಳ್ಳು ಹೇಳ್ದೆ. ಮುಖಕ್ಕೆ ಹಚ್ಚಿದ್ದು ಅಮ್ಮನೇ. ಬೇಡ ಅಂದ್ರೂ ಕೆಂಪು ಹಚ್ಚಿಸಿದ್ದು ನಾನು.”

“ಓಹೋ, ಹೆಣದ ಅಕ್ಕ!” ಎಂದ ಬೋಗ್ದಾನ್, ಬಾಯಿ ತುಂಬ ಕೇಕು ಇಟ್ಟುಕೊಂಡೇ. ಎಲ್ಲರೂ ಮತ್ತೆ ನಕ್ಕರು.

ಇರ್ಕಾಳ ಮುಖ ಬಿಸಿಯಾಯಿತು. ಅಮ್ಮ ಅವಳ ಕೆನ್ನೆ ಮುಟ್ಟಿ ನೋಡಿದಳು.

“ಸರಿಯಾಗಿ ಇಷ್ಟೇ ಕೆಂಪು ಹಚ್ಚಿದ್ದೆ ಕಣೇ.”

ಇರ್ಕಾ ಅಮ್ಮನಿಗೆ ಅಂಟಿಕೊಂಡು ಕೂತಳು. ಟಿವಿಯಲ್ಲಿ ಬೇಕರಿ ಹುಡುಗ ಬ್ರೆಡ್ ಮಾರುತ್ತಲೇ ಇದ್ದ. ಅವನ ಕೆನ್ನೆ ಅವಳಿಗೆ ಈಗ ಕೆಂಪಗೇ ಕಂಡಿತು.