ವಿಮಾನಕ್ಕೆ ಒಯ್ಯಲಾಗದ ಭರಣಿ

"ಪೆಟ್ಟಿಗಿ ತೆಗಿ."

ಗಂಡನ ಬಾಯಿಂದ ಅವಳು ಕೇಳಿದ ಮೊದಲ ಮಾತು ಅದು!

ಬ್ರಹ್ಮಪುರದ ಗಂಡನ ಮನೆಯ ಒಳಕೋಣೆಯಲ್ಲಿ ನೀಲಗಂಗಾ ಗೋಡೆಗೆ ಬೆನ್ನು ಹಚ್ಚಿ ನಿಂತಿದ್ದಳು. ಸೆರಗನ್ನು ಎಡಗೆನ್ನೆಯ ಮೇಲೆ ಇನ್ನಷ್ಟು ಎಳೆದುಕೊಂಡಳು.

ಮದುವೆಯಾಗಿ ಎರಡು ತಿಂಗಳಾಗಿತ್ತು. ಆದರೆ ಗಂಡನ ಮುಖವನ್ನು ಅವಳಿನ್ನೂ ಸರಿಯಾಗಿ ನೋಡಿರಲಿಲ್ಲ. ತಾಳಿ ಬಿದ್ದ ನಾಲ್ಕೇ ದಿನಕ್ಕೆ ಆಷಾಢ ಬಂತೆಂದು ಅವಳನ್ನು ಕಮಲಾಪುರದ ತವರಿಗೆ ಕಳಿಸಿದ್ದರು. ರಜೆ ಮುಗಿಯಿತೆಂದು ದೇವೀಂದ್ರಪ್ಪ ದಿಲ್ಲಿಗೆ ಹೋಗಿದ್ದ. ಅಲ್ಲಿ ಅವನು ವಿಮಾನದ ಇಂಜಿನ್ ರಿಪೇರಿ ಮಾಡುವ ಮೆಕ್ಯಾನಿಕ್. ಈಗ ಶ್ರಾವಣ. ಹೆಂಡತಿಯನ್ನು ಕರೆದೊಯ್ಯಲು ಬಂದಿದ್ದ. ಅದೂ ರೈಲಿನಲ್ಲಲ್ಲ... ಹೈದರಾಬಾದಿನಿಂದ ವಿಮಾನದಲ್ಲಿ! ನೌಕರರ ಹೆಂಡತಿಗೆ ಕಂಪನಿ ಒಂದು ಪುಕ್ಕಟೆ ಟಿಕೀಟು ಕೊಟ್ಟಿತ್ತು.

ಬ್ರಹ್ಮಪುರಕ್ಕೆ ಬ್ರಹ್ಮಪುರವೇ ಅದನ್ನು ಮಾತಾಡುತ್ತಿತ್ತು. ನೀಲಗಂಗಾ ಒಬ್ಬಳಿಗೇ ನಿದ್ದೆ ಹತ್ತಿರಲಿಲ್ಲ.

"ಅಂಜಬ್ಯಾಡ," ದೇವೀಂದ್ರಪ್ಪ ನೆಲದ ಮೇಲೆ ಕೂತು ಪೆಟ್ಟಿಗೆಯ ಮುಚ್ಚಳ ಎತ್ತಿದ. "ವಿಮಾನದಾಗ ಏನು ಒಯ್ಯಬೇಕು, ಏನು ಒಯ್ಯಬಾರದು ಅಂತ ನೋಡಿ ಇಡತೀನಿ. ಅಷ್ಟೇ."

ಸೀರೆಗಳ ಕೆಳಗೆ ಅವಳ ಅಲಂಕಾರದ ಸಾಮಾನು ಇತ್ತು. ಒಂದೊಂದಾಗಿ ಹೊರಬಂದವು.

"ಸಾಬೂನು... ನಡೀತದ. ಕುಂಕುಮದ ಡಬ್ಬಿ, ನಡೀತದ. ಕಾಡಿಗಿ, ಪೌಡರ್, ಹಣಗಿ..." ಅವನು ಎಣ್ಣೆಯ ಬಾಟಲಿಯನ್ನು ಬೆಳಕಿಗೆ ಹಿಡಿದು ನೋಡಿದ. "ಇದು ಅರ್ಧಾ ಖಾಲಿ ಅದ. ಬ್ಯಾಡ. ಮ್ಯಾಲ ಹೋದಂಗ ಬಾಟ್ಲಿಯೊಳಗಿನ ಗಾಳಿ ಉಬ್ಬತದ, ಬಿರಡಿ ಕಿತ್ತು ಎಲ್ಲಾ ಚೆಲ್ಲತದ. ಹೋದ ತಿಂಗಳು ಒಬ್ಬ ಸಾಹೇಬರ ಹೆಂಡತೀದು ಹಿಂಗೇ ಆಗಿ ಎಂಟು ರೇಷ್ಮಿ ಸೀರಿ ಹಾಳಾದ್ವು! ಬಾಯಿತನಕ ತುಂಬಿದ್ರ, ಮ್ಯಾಲ ಮೇಣ ಹಚ್ಚಿದ್ರ ನಡೀತದ. ಅರ್ಧಾ ಇದ್ದದ್ದು ಒಯ್ಯಬಾರದು."

ಬಾಟಲಿಯನ್ನು ಬದಿಗಿಟ್ಟ. ಅತ್ತರಿನ ಕುಪ್ಪಿಯನ್ನೂ ಬದಿಗಿಟ್ಟ. ಆಮೇಲೆ ಅವನ ಕೈ ಪೆಟ್ಟಿಗೆಯ ಮೂಲೆಗೆ ಹೋಯಿತು. ಹಳೇ ಕುಪ್ಪಸದ ಬಟ್ಟೆಯಲ್ಲಿ ಸುತ್ತಿಟ್ಟ ಒಂದು ಸಣ್ಣ ಪಿಂಗಾಣಿ ಭರಣಿ ಸಿಕ್ಕಿತು.

"ಇದೇನು?"

ಮುಚ್ಚಳ ತೆಗೆದ. ಮೈಬಣ್ಣದ, ಎಣ್ಣೆ ಬೆರೆತ ಲೇಪ. ಬೆರಳಿಗೆ ಹಚ್ಚಿಕೊಂಡು ಮೂಸಲು ಹೋದ.

"ಮುಟ್ಟಬ್ಯಾಡ್ರೀ!"

ನೀಲಗಂಗಾ ಹಾರಿ ಬಂದು ಭರಣಿಯನ್ನು ಕಸಿದುಕೊಂಡಳು. ತನ್ನ ದನಿಗೆ ತಾನೇ ಬೆಚ್ಚಿದಳು. ಗಂಡನಿಗೆ ಅವಳಾಡಿದ ಮೊದಲ ಮಾತು ಇದಾಗಬೇಕೆ?

ದೇವೀಂದ್ರಪ್ಪನ ಮುಖ ಸಣ್ಣದಾಯಿತು.

"ಅದೂ ಅರ್ಧಾ ಖಾಲಿ ಅದ. ಇಲ್ಲೇ ಬಿಡು. ದಿಲ್ಲಿಯೊಳಗ ಇಂಥಾವು ಬೇಕಾದಷ್ಟು ಸಿಗ್ತಾವ."

'ಸಿಗುವುದಿಲ್ಲ... ಇದು ಎಲ್ಲಿಯೂ ಸಿಗುವುದಿಲ್ಲ!' ಅವಳ ಮನಸ್ಸು ಚೀರಿತು.

ಸಿಗುವುದಾದರೂ ಹೇಗೆ? ಆ ಲೇಪದ ಕೆಳಗೆ ಅವಳ ಬದುಕಿನ ಗುಟ್ಟಿತ್ತು.

ನಾಲ್ಕು ವರ್ಷದ ಹಿಂದೆ, ಹೈದರಾಬಾದ್ ಸೀಮೆಗೆ ದಿಲ್ಲಿಯ ಸೈನ್ಯ ಬಂದ ಪೊಲೀಸ್ ಆ್ಯಕ್ಷನ್ನಿಗೆ ತಿಂಗಳ ಮೊದಲು, ಬಂದೂಕು ಹಿಡಿದ ಗುಂಪೊಂದು ಕಮಲಾಪುರದ ಅಂಚಿನಲ್ಲಿದ್ದ ಅವರ ಮನೆಗೆ ಬೆಂಕಿಯಿಟ್ಟಿತ್ತು. ಹದಿನೈದರ ನೀಲಗಂಗಾಳ ಮೇಲೆ ಉರಿಯುವ ತೊಲೆ ಬಿದ್ದಿತ್ತು. ಎಡಗಿವಿಯಿಂದ ದವಡೆಗೆ, ದವಡೆಯಿಂದ ಕೊರಳಿಗೆ ಸುಟ್ಟಿತ್ತು. ಅವಳನ್ನು ಕಂಬಳಿಯಲ್ಲಿ ಸುತ್ತಿ ತನ್ನ ಮನೆಯೊಳಗೆ ಬಚ್ಚಿಟ್ಟವಳು ಪಕ್ಕದ ಮನೆಯ ನೂರಜಹಾನ್, ಅವಳು 'ಖಾಲಾ' ಎಂದು ಕರೆಯುವ ಚಿಕ್ಕಮ್ಮನಂಥವಳು. ಅಲ್ಲಿ ತಿಂಗಳಿಗೂ ಹೆಚ್ಚು ಕಾಲ ಅವಳು ಮಲಗಿದಲ್ಲೇ ಇದ್ದಳು. ಸೆಪ್ಟೆಂಬರಿನಲ್ಲಿ ವಿಮಾನಗಳು ಊರ ಮೇಲೆ ಗುಡುಗುತ್ತ ಹಾದುಹೋದಾಗ, ಈಗ ಬೆಂಕಿ ಮೇಲಿಂದಲೇ ಬೀಳುತ್ತದೆ ಎಂದು ಹಾಸಿಗೆ ಕಚ್ಚಿ ಹಿಡಿದಿದ್ದಳು. ಆಮೇಲೆ ಗಾಳಿ ತಿರುಗಿತು, ಮುಸಲ್ಮಾನರ ಮನೆಗಳ ಮೇಲೆ ಸೇಡು ಶುರುವಾಯಿತು. ನೂರಜಹಾನಳ ಮನೆಯವರೇ ಜೀವ ಕೈಯಲ್ಲಿ ಹಿಡಿದು ಓಡಬೇಕಾಯಿತು. ಆಗ ಅವರನ್ನು ವಾರಗಟ್ಟಲೆ ನೆಲದಡಿಯ ಕಾಳಿನ ಹಗೇವಿನಲ್ಲಿ ಬಚ್ಚಿಟ್ಟವನು ನೀಲಗಂಗಾಳ ಅಪ್ಪ ಅಣವೀರಪ್ಪ.

ಗಾಯ ಮಾಯ್ದಿತ್ತು, ಕಲೆ ಉಳಿದಿತ್ತು. ಗಂಧ, ಮುಲ್ತಾನಿ ಮಣ್ಣು, ಬಾದಾಮಿ ಎಣ್ಣೆ ಅರೆದು ನೂರಜಹಾನ್ ಆ ಲೇಪ ಮಾಡಿಕೊಟ್ಟಿದ್ದಳು. ಅದರ ಮೇಲೆ ಸ್ನೋ ಕ್ರೀಮು, ಕ್ರೀಮಿನ ಮೇಲೆ ಪೌಡರ್, ಅದರ ಮೇಲೆ ಸೆರಗು. ಹೆಣ್ಣು ನೋಡಲು ಬಂದವರನ್ನು ಅಪ್ಪ ಬೆಳಕು ಕಡಿಮೆಯಿದ್ದ ಪಡಸಾಲೆಯಲ್ಲಿ ಕೂರಿಸಿದ್ದ. ಗಂಡಿನ ಕಡೆಯವರಿಗೆ ಯಾರಿಗೂ ಗೊತ್ತಾಗಿರಲಿಲ್ಲ.

ಈಗ ಈ ಭರಣಿಯಿಲ್ಲದೆ ದಿಲ್ಲಿ! ಒಂದೇ ಕೋಣೆಯ ಮನೆ, ಹಗಲು ಬೆಳಕು, ಗಂಡ... ಎರಡನೆಯ ದಿನಕ್ಕೇ ಅವನು ನೋಡುತ್ತಾನೆ. 'ಮೋಸಗಾತಿ' ಎನ್ನುತ್ತಾನೆ. ಗುರುತು ಪರಿಚಯವಿಲ್ಲದ ಆ ಊರಲ್ಲಿ ಬಾಗಿಲಿಂದ ಹೊರಗೆ ತಳ್ಳಿದರೆ?

ಭರಣಿಯನ್ನು ಎದೆಗೆ ಅವುಚಿಕೊಂಡು ಅವಳು ಅಳತೊಡಗಿದಳು.

ದೇವೀಂದ್ರಪ್ಪ ಗಾಬರಿಯಾದ. "ಯಾಕ ಅಳ್ತಿ? ಒಂದು ಭರಣಿ ಸಲುವಾಗಿ ಯಾರರೆ ಅಳ್ತಾರೇನು?"

ಅವಳು ಮುಖವನ್ನು ಗೋಡೆಯ ಕಡೆ ತಿರುಗಿಸಿಕೊಂಡಳು.

ಅವನ ದನಿ ಇಳಿಯಿತು. "ಖರೆ ಹೇಳು... ನನ್ನ ಸಂಗಟ ಬರಲಿಕ್ಕ ನಿನಗ ಮನಸಿಲ್ಲೇನು?"

'ಮನಸ್ಸಿದೆ! ನಿಮ್ಮ ದನಿ ಕೇಳಿದಾಗಿನಿಂದ ಇದೆ!' ಎಂದು ಹೇಳಬೇಕೆನಿಸಿತು. ಹೇಳಿದರೆ ಭರಣಿಯ ಗುಟ್ಟನ್ನೂ ಹೇಳಬೇಕಾಗುತ್ತಿತ್ತು. ಆ ಮೌನವನ್ನು ಅವನು ತನಗೆ ತಿಳಿದಂತೆ ತಿಳಿದುಕೊಂಡ.

"ಹೆಂಗಸರನ್ನ ಜುಲುಮಿ ಮಾಡಿ ಕರಕೊಂಡು ಹೋಗೋ ಮನಶ್ಯಾ ಅಲ್ಲ ನಾನು," ಎಂದು ಎದ್ದ. "ನಾಳೆ ಮುಂಜಾನಿ ಕಮಲಾಪುರಕ್ಕ ಬಿಟ್ಟು ಬರತೀನಿ. ಅವ್ವಗ ಈಗೇ ಏನೂ ಹೇಳಬ್ಯಾಡ."

ಮರುದಿನ ಬೆಳಿಗ್ಗೆ ಅವರಿಬ್ಬರೂ ಕಮಲಾಪುರದ ಮೋಟಾರು ಬಸ್ಸು ಹತ್ತಿದರು. ಹಿರಿಯರ ಆಶೀರ್ವಾದಕ್ಕೆ ಹೊರಟಿದ್ದಾರೆಂದು ಅತ್ತೆ ಕಸ್ತೂರಿಬಾಯಿ ಬುತ್ತಿ ಕಟ್ಟಿ ಕೊಟ್ಟಿದ್ದಳು.

ದಾರಿಯುದ್ದಕ್ಕೂ ತುಂತುರು ಮಳೆ. ಕಿಟಕಿಯಿಂದ ಸಿಡಿದ ಹನಿಗಳು ಅವಳ ಎಡಗೆನ್ನೆಗೆ ಬಿದ್ದವು. ಸೆರಗಿನಿಂದ ಒತ್ತಿಕೊಂಡಳು. ಸೆರಗು ನೋಡಿದರೆ... ಬಿಳಿ ಪೌಡರು, ಅದರಡಿ ಕಂದು ಲೇಪ! ಅವಳು ಆ ಅಂಚನ್ನು ಒಳಗೆ ಮಡಚಿಕೊಂಡಳು. ಪಕ್ಕದಲ್ಲಿ ಕುಳಿತ ಅವನು ಆಗಲೇ ನೋಡಿಬಿಟ್ಟನೇ? ಕದ್ದು ನೋಡಿದಳು. ಅವನು ಬೇರೆ ಕಡೆ ಮುಖ ಮಾಡಿ ಕುಳಿತಿದ್ದ. ಓರೆಯಿಂದ ಕಂಡ ಕಣ್ಣು ಕೆಂಪಾಗಿತ್ತು.

'ಇವರೂ ರಾತ್ರಿ ಮಲಗಿಲ್ಲ...'

ಆ ಯೋಚನೆ ಅವಳ ಹೆದರಿಕೆಯನ್ನು ಇನ್ನಷ್ಟು ಹೆಚ್ಚಿಸಿತು. ತನ್ನ ಸುಳ್ಳಿನಿಂದ ನೋಯುತ್ತಿರುವುದು ಒಳ್ಳೆಯ ಮನುಷ್ಯ.

ಮೋಟಾರು ಇಳಿದು ಊರೊಳಗೆ ನಡೆಯುವಾಗ ನೂರಜಹಾನಳ ಮನೆ ಮೊದಲು ಸಿಕ್ಕಿತು. "ಅಪ್ಪ ಹೊಲಕ್ಕ ಹೋಗಿರ್ತಾರ. ಜರಾ ನಿಲ್ರಿ, ಖಾಲಾನ ಮಾತಾಡಿಸಿ ಬರತೀನಿ," ಎಂದು ತಲೆ ತಗ್ಗಿಸಿಯೇ ಹೇಳಿದಳು. ಅವನು ಪಕ್ಕದ ಬಾಳೆತೋಟದ ಬಾವಿಯ ಕಟ್ಟೆಗೆ ಹೋಗಿ ಕುಳಿತ.

ಒಳಗೆ ಹೋದವಳೇ ಭರಣಿಯನ್ನು ಮುಂದೆ ಚಾಚಿದಳು.

"ಖಾಲಾ, ಬಾಯಿತನಕ ತುಂಬಿ ಕೊಡ್ರಿ. ತುಂಬಿದ್ರ ವಿಮಾನದಾಗ ನಡೀತದಂತ!"

ನೂರಜಹಾನ್ ಎಲ್ಲ ಕೇಳಿದಳು. ಕಲಬತ್ತಿನ ಪುಟ್ಟ ಒರಳಿನಲ್ಲಿ ಲೇಪ ಅರೆದು, ತುಂಬಿ, ಮುಚ್ಚಳದ ಸುತ್ತ ಮೇಣ ಕರಗಿಸಿ ಬಿಗಿದು, ಬಟ್ಟೆ ಸುತ್ತಿ ಕೈಗಿಟ್ಟಳು. ಆದರೆ ಕೈ ಬಿಡಲಿಲ್ಲ.

"ಮೂರು ತಿಂಗಳು ಬರತದ ಬೇಟಿ. ಆಮ್ಯಾಲ?"

"...ಆಮ್ಯಾಲ ದೇವರಿದ್ದಾನ."

"ದೇವರಿದ್ದಾನ. ಖರೆ. ಆದರ ಮೂರು ತಿಂಗಳು ಮಳಿ ಬಂದ್ರ ಅಂಜತಿ, ಬೆವತ್ರ ಅಂಜತಿ, ಗಂಡ ಹತ್ರ ಬಂದ್ರ ಅಂಜತಿ. ಹಗೇವಿನಾಗ ಕುಂತು ನಾನೂ ಹಂಗೇ ದಿನಾ ಕಳದೀನಿ. ಅದು ಬದುಕಲ್ಲ ಬೇಟಿ."

ನೀಲಗಂಗಾ ಭರಣಿಯನ್ನೇ ನೋಡಿದಳು. ಗುಟ್ಟು ಉಳಿಯಲು ಬೇಕಾದದ್ದು ಕೈಯಲ್ಲೇ ಇದೆ. ಹೋಗಿ 'ಬರತೀನ್ರಿ' ಎಂದರೆ ಸಾಕು... ಮೂರು ತಿಂಗಳು!

ಆಮೇಲೆ?

ಅವಳು ಹೊರಗೆ ಬಂದಳು. ನೇರ ಬಾವಿಕಟ್ಟೆಗೆ ಹೋದಳು. ಅವನು ಎದ್ದು ನಿಂತ. ಮಾತಾಡಿದರೆ ಧೈರ್ಯ ಹೋಗಿಬಿಡುತ್ತಿತ್ತು. ಭರಣಿಯನ್ನು ಕಟ್ಟೆಯ ಮೇಲಿಟ್ಟು, ಸೆರಗು ಸರಿಸಿ, ಅಲ್ಲೇ ಇದ್ದ ಕೊಡದಿಂದ ನೀರನ್ನು ಬೊಗಸೆಯಲ್ಲಿ ತುಂಬಿ ಮುಖಕ್ಕೆ ಹೊಯ್ದುಕೊಂಡಳು. ಮತ್ತೊಮ್ಮೆ. ಇನ್ನೊಮ್ಮೆ. ಕಂದು ನೀರು ಕೊರಳಿಂದ ಇಳಿಯಿತು. ಚರ್ಮ ಉರಿಯುವಷ್ಟು ತಿಕ್ಕಿಕೊಂಡಳು.

ಆಮೇಲೆ ನಾಲ್ಕು ವರ್ಷದಲ್ಲಿ ಮೊದಲ ಬಾರಿಗೆ ಹಗಲು ಬೆಳಕಿಗೆ ಎಡಗೆನ್ನೆ ತಿರುಗಿಸಿ ನಿಂತಳು.

"ಇದರ ಸಲುವಾಗಿ ಅತ್ತಿದ್ದೆ. ನಿಮ್ಮ ಸಂಗಟ ಬರಲಿಕ್ಕ ಮನಸಿಲ್ಲ ಅಂತಲ್ಲ. ಮನಿಗೆ ಬೆಂಕಿ ಹಚ್ಚಿದಾಗ ಸುಟ್ಟದ್ದು. ಅಪ್ಪ ಮುಚ್ಚಿಟ್ರು, ನಾನೂ ಮುಚ್ಚಿಟ್ಟೆ. ತಪ್ಪಾಗ್ಯದ. ಈಗ... ನೀವು ಹೆಂಗ ಹೇಳ್ತೀರಿ ಹಂಗ."

ದೇವೀಂದ್ರಪ್ಪ ನೋಡಿದ. ಬಹಳ ಹೊತ್ತು ನೋಡಿದ. ಬಾಳೆ ಎಲೆಗಳಿಂದ ಹನಿ ಬೀಳುತ್ತಿತ್ತು.

"ಮೊದಲೇ ಹೇಳಿದ್ರ ಈ ಮದಿವಿಗೆ ಹೂಂ ಅಂತಿದ್ನೋ ಇಲ್ಲೋ... ನನಗ ಗೊತ್ತಿಲ್ಲ," ಎಂದ ಕೊನೆಗೆ. "ಸುಳ್ಳು ಹೇಳಂಗಿಲ್ಲ ನಿನಗ."

ಅವಳು ಕಣ್ಣು ಮುಚ್ಚಿದಳು. ಮುಗಿಯಿತು!

ಹೆಜ್ಜೆ ಹತ್ತಿರ ಬಂದವು.

"ನೋವು ಆಗತದೇನು ಇನ್ನೂ?"

ಅವಳು ಕಣ್ಣು ತೆರೆದಳು. ಕಲೆಯನ್ನು ಹೇಗೆ ಮುಚ್ಚಬೇಕು ಎಂದು ಮನೆಮಂದಿಯೆಲ್ಲ ಹೇಳಿಕೊಟ್ಟಿದ್ದರು. ನೋವಾಗುತ್ತದೆಯೇ ಎಂದು ಕೇಳಿದವರಿರಲಿಲ್ಲ.

"ಚಳಿಗಾಲದಾಗ... ಬಿಗೀತದ್ರಿ. ಎಣ್ಣಿ ಹಚ್ಚದಿದ್ರ ಬಿರಿತದ."

"ದಿಲ್ಲಿ ಚಳಿ ಭಾಳ ಕೆಟ್ಟದ್ದು." ಅವನು ಕಟ್ಟೆಯ ಮೇಲಿದ್ದ ಭರಣಿ ತೆಗೆದುಕೊಂಡು, ಬಟ್ಟೆ ಬಿಚ್ಚಿ, ಮೇಣದ ಸುತ್ತನ್ನು ಹೆಬ್ಬೆರಳಿನಿಂದ ಒತ್ತಿ ನೋಡಿದ. "ಚಂದ ಬಿಗಿದಾರ. ಒಯ್ಯೋಣು. ಬಿರಿದಾಗ ಹಚ್ಚಿಕೊಳ್ಳಲಿಕ್ಕ ಬೇಕು. ಮುಚ್ಚಿಕೊಳ್ಳಲಿಕ್ಕ ಬ್ಯಾಡ."

ಅವಳಿಗೆ ತಡೆಯಲಾಗಲಿಲ್ಲ. ಬಾವಿಕಟ್ಟೆಯ ಮೇಲೆ ಕುಸಿದು ಬಿಕ್ಕಿಬಿಕ್ಕಿ ಅತ್ತಳು. ಅವನು ಈ ಸಲ ಯಾಕೆಂದು ಕೇಳಲಿಲ್ಲ. ಪಕ್ಕದಲ್ಲಿ ಕುಳಿತ, ಅಷ್ಟೇ.

ಆ ಸಂಜೆ ಹೊಲದಿಂದ ಬಂದ ಅಣವೀರಪ್ಪ ಮಗಳ ತೊಳೆದ ಮುಖ ನೋಡಿ ಅಳಿಯನ ಮುಂದೆ ತಲೆ ತಗ್ಗಿಸಿ ನಿಂತ. "ಮಾವಾರ, ನೀವು ಮೊದಲೇ ಒಂದು ಮಾತು ಹೇಳಬೇಕಿತ್ರಿ," ಎಂದಷ್ಟೇ ದೇವೀಂದ್ರಪ್ಪ ಹೇಳಿದ. ಅದಕ್ಕಿಂತ ಹೆಚ್ಚು ಬೈದಿದ್ದರೂ ಅಣವೀರಪ್ಪನಿಗೆ ಅಷ್ಟು ನಾಟುತ್ತಿರಲಿಲ್ಲ.

ಬ್ರಹ್ಮಪುರದ ಹೊಸ್ತಿಲು ದಾಟುವುದು ಬಾವಿಕಟ್ಟೆಗಿಂತ ಕಷ್ಟವಾಯಿತು. ಕಸ್ತೂರಿಬಾಯಿ ಸೊಸೆಯ ಮುಖ ನೋಡಿ ಕೈಯಲ್ಲಿದ್ದ ಮೊರ ಕೆಳಗಿಟ್ಟಳು.

"ಮೋಸ ಮಾಡ್ಯಾರ! ಕಮಲಾಪುರದವರು ನಮಗ ಮೋಸ ಮಾಡ್ಯಾರ!"

ನೀಲಗಂಗಾ ಗಂಡನ ಬೆನ್ನ ಹಿಂದೆ ಸರಿಯಲಿಲ್ಲ. ಸರಿಯಬೇಕೆನಿಸಿತ್ತು.

"ಹೌದವ್ವಾ, ಮೋಸ ಆಗ್ಯದ," ಅಂದ ದೇವೀಂದ್ರಪ್ಪ. "ಆದರ ನನ್ನ ಮುಂದ ನಿಂತು ತಾನೇ ಮಾರಿ ತೊಳಕೊಂಡಾಳ. ಅಷ್ಟು ಧೈರ್ಯ ನನಗಂತೂ ಇಲ್ಲ. ನಾ ಈಕಿನ ಕರಕೊಂಡು ಹೋಗಾಂವ."

ಕಸ್ತೂರಿಬಾಯಿ ಎರಡು ದಿನ ಮಾತು ಬಿಟ್ಟಳು. ಮೂರನೆಯ ದಿನ, ಸ್ಟೇಷನ್ನಿಗೆ ಟಾಂಗಾ ಬಂದು ನಿಂತಾಗ, ಸೊಸೆಯ ಗದ್ದ ಹಿಡಿದೆತ್ತಿ ಹಣೆಗೆ ಕುಂಕುಮ ಇಟ್ಟಳು. ಅವಳ ಬೆರಳುಗಳು ಆ ದವಡೆಯ ಮೇಲೆ ಒಂದು ಕ್ಷಣ ನಿಂತವು.

ಬೇಗಂಪೇಟೆಯ ವಿಮಾನ ನಿಲ್ದಾಣದಲ್ಲಿ ಪೆಟ್ಟಿಗೆ ತೂಗಿದರು. ಮನುಷ್ಯರನ್ನೂ ತೂಗಿದರು! ಅವಳ ಬರಿಯ ಕೆನ್ನೆಯನ್ನು ಜನ ಒಮ್ಮೆ ನೋಡಿ, ಮತ್ತೊಮ್ಮೆ ನೋಡಿದರು. ನೀಲಗಂಗಾ ಸೆರಗಿಗೆ ಕೈ ಹಾಕಿದಳು, ಬಿಟ್ಟಳು.

ಒಳಗೆ ಕುಳಿತದ್ದೇ ಇಂಜಿನ್ ಗುಡುಗಿತು.

ಅದೇ ಸದ್ದು! ನೂರಜಹಾನಳ ಕತ್ತಲ ಕೋಣೆ, ಹಾಸಿಗೆ, ಮೇಲಿಂದ ಬೀಳಲಿರುವ ಬೆಂಕಿ... ಅವಳ ಮೈಯೆಲ್ಲ ಮರಗಟ್ಟಿತು. ವಿಮಾನ ಓಡಿತು, ನೆಲ ಬಿಟ್ಟಿತು.

ಧೈರ್ಯಕ್ಕಾಗಿ ಗಂಡನ ಕಡೆ ನೋಡಿದಳು.

ದೇವೀಂದ್ರಪ್ಪ ಕಣ್ಣು ಬಿಗಿಯಾಗಿ ಮುಚ್ಚಿದ್ದ. ಹಣೆಯ ಮೇಲೆ ಬೆವರು. ಕುರ್ಚಿಯ ಹಿಡಿಕೆಯನ್ನು ಹಿಡಿದ ಬೆರಳುಗಳು ಬೆಳ್ಳಗಾಗಿದ್ದವು.

"ಏನ್ರೀ... ಏನಾಗ್ಯದ?"

"ಏನಿಲ್ಲ." ಕಣ್ಣು ತೆರೆಯಲಿಲ್ಲ. "ನಾ ಇಂಜಿನ್ ರಿಪೇರಿ ಮಾಡೋವ. ನೆಲದ ಮ್ಯಾಲ ನಿಂತಿದ್ದನ್ನ. ಹಾರಿದ್ದು ಇದು ಎರಡನೇ ಸಲ. ಮೊದಲ್ನೇ ಸಲ... ವಾಂತಿ ಮಾಡಿಕೊಂಡೆ."

ಅವಳಿಗೆ ಅರ್ಥವಾಗಲಿಲ್ಲ. "ಮತ್ತ ಯಾಕ ಇದರಾಗ ಕರಕೊಂಡು ಬಂದ್ರಿ?"

"ರೈಲಿನ್ಯಾಗ ಎರಡು ರಾತ್ರಿ ಹೊಗಿ, ಧೂಳು, ಗದ್ದಲ. ನಿನಗ ತ್ರಾಸ ಆಗಬಾರದು ಅಂತ..." ಅವನು ಒಂದು ಕಣ್ಣನ್ನಷ್ಟೇ ತೆರೆದ. "ನಗಬ್ಯಾಡ."

ಅವಳು ನಗಲಿಲ್ಲ. ನಡುಗುತ್ತಿದ್ದ ತನ್ನ ಕೈಯನ್ನು ಅವನ ಬೆಳ್ಳಗಾದ ಬೆರಳುಗಳ ಮೇಲಿಟ್ಟಳು. ಅವನ ಕೈಯೂ ನಡುಗುತ್ತಿತ್ತು. ಎರಡು ನಡುಕಗಳಲ್ಲಿ ಯಾವುದು ಯಾರದು ಎಂದು ತಿಳಿಯಲಿಲ್ಲ.

ಸ್ವಲ್ಪ ಹೊತ್ತಿನ ಮೇಲೆ ಅವನು ಕೇಳಿದ, "ಅಂಜಿಕಿ ಹೋಯ್ತೇನು?"

"ಇಲ್ರಿ. ನಿಮಗ?"

"ನನಗೂ ಇಲ್ಲ."

"ಹಂಗಾದ್ರ ಕೈ ಬಿಡಬ್ಯಾಡ್ರಿ," ಎಂದಳು ನೀಲಗಂಗಾ. "ದಿಲ್ಲಿ ಬರೋತನಕ."

"ದಿಲ್ಲಿ ಬಂದ ಮ್ಯಾಲ?"

ಅವಳು ಸುಟ್ಟ ಎಡಗೆನ್ನೆಯನ್ನು ಮೆಲ್ಲಗೆ ಅವನ ಹೆಗಲಿಗೆ ಒರಗಿಸಿದಳು.