ಒರೆಸಿದ ಹೆಬ್ಬೆರಳು

ನನಗೆ ದೆವ್ವಗಳಲ್ಲಿ ನಂಬಿಕೆಯಿಲ್ಲ. ನಂಬುವಷ್ಟು ಪುರುಸೊತ್ತೂ ಇಲ್ಲ. ಅಣ್ಣ ತೀರಿಕೊಂಡ ಮೇಲೆ ಅತ್ತಿಗೆ ದಿನಾ ಸಂಜೆ ಅವನ ಮೀನು ಹಿಡಿಯುವ ಗೇಮ್ ಆಡುತ್ತಾರೆ. ಅವನಿದ್ದಾಗ ಅದನ್ನು ಸವತಿ ಎಂದೇ ಬೈಯುತ್ತಿದ್ದವರು. ಈಚೆಗೆ ಆ ಗೇಮಿನ ಡಿಸ್ಕ್ ತಡವರಿಸತೊಡಗಿತ್ತು. ಪೂರ್ತಿ ಕೆಡುವ ಮೊದಲು ನಕಲು ಮಾಡಿಕೊಡಿ ಎಂದು ತಂದರು.

ಹೊಳೆಯುವ ಬದಿಯಲ್ಲಿ ಅಣ್ಣನ ಹೆಬ್ಬೆರಳ ಗುರುತಿತ್ತು, ಹಳೇ ಗಾಯದ ಅಡ್ಡಗೆರೆಯ ಸಮೇತ.

"ಅಂಚು ಹಿಡ್ಕೊಳ್ರೀ ಅಂತ ಎಷ್ಟು ಸಲ ಬಡ್ಕೊಂಡಿದ್ದೆ. ಒರೆಸಿಬಿಡಿ," ಎಂದು ಅತ್ತಿಗೆ ಮುಖ ತಿರುಗಿಸಿದರು.

ಒರೆಸಿ ಕಂಪ್ಯೂಟರಿಗೆ ಹಾಕಿದೆ. ನನ್ನ ಹಳೇ ಡ್ರೈವು ಒಂದು ಡಿಸ್ಕ್ ಓದುವಷ್ಟರಲ್ಲಿ ಇಸ್ತ್ರಿಪೆಟ್ಟಿಗೆಯಾಗುತ್ತದೆ. ಅವತ್ತು ಡಿಸ್ಕ್ ಕೊರೆಯುವಷ್ಟು ತಣ್ಣಗೆ ಹೊರಬಂತು. ಗುರುತು ಅಲ್ಲೇ ಇತ್ತು. ಕಣ್ಣು ದಣಿದಿದೆ ಎಂದುಕೊಂಡು ಮತ್ತೆ ಉಜ್ಜಿದೆ, ಹೋಯಿತು.

ಹೊಸ ಪ್ಯಾಕೆಟ್ ಒಡೆದು, ಖಾಲಿ ಡಿಸ್ಕಿನ ಮೇಲೆ ನಕಲು ಬರೆಸಿದೆ. ಅದೂ ತಣ್ಣಗೇ ಬಂತು. ತಿರುಗಿಸಿದರೆ ಅದೇ ಹೆಬ್ಬೆರಳು, ಅದೇ ಅಡ್ಡಗೆರೆ.

ಬಟ್ಟೆ ಎತ್ತಿಕೊಂಡೆ. ಅತ್ತಿಗೆ ನನ್ನ ಕೈ ತಡೆದು, ಗುರುತನ್ನು ಕಿರುಬೆರಳ ತುದಿಯಿಂದ ಮುಟ್ಟಿದರು.

"ಇರಲಿ ಬಿಡಿ. ಇನ್ನೂ ಹಸಿ ಇದೆ."

ನಕಲು ಈಗಲೂ ಅವರ ಮನೆಯಲ್ಲಿ ಎಲ್ಲೂ ತಡವರಿಸದೆ ಓಡುತ್ತಿದೆ. ಅಸಲಿ ಡಿಸ್ಕ್ ನನ್ನ ಬಳಿ ಉಳಿಯಿತು, ಒಂದು ಕಲೆಯೂ ಇಲ್ಲದೆ. ಎಷ್ಟು ಹೊತ್ತು ಕೈಯಲ್ಲಿ ಹಿಡಿದರೂ ಅದು ಬೆಚ್ಚಗಾಗುವುದಿಲ್ಲ.