ಉಸಿರು ಕಟ್ಟಿ ಕಸ ಗುಡಿಸಿದ್ದು

ಒಮ್ಮೆ ಉಸಿರು ಕಟ್ಟಿದರೆ ಸಮುದ್ರದ ತಳಕ್ಕಿಳಿದು, ಮೀನುಗಳ ಜಗಳ ಬಿಡಿಸಿ, ಅಲ್ಲೇ ಉಂಡು ಬರುವವನು ನಾನು. ಅದಕ್ಕೇ ಸುಗ್ಗಿಹಬ್ಬದ ಮುನ್ನಾದಿನ ನಮ್ಮೂರ ದೇವರು ಸ್ವೆಂತೊವಿತನ ಗುಡಿಯ ಕಸ ಗುಡಿಸಲು ಮುದಿ ಪೂಜಾರಿ ನನ್ನನ್ನೇ ಕರೆದ. ಒಳಗೆ ಮನುಷ್ಯರು ಉಸಿರಾಡಿದರೆ ಮರುವರ್ಷ ಊರಿಗೆ ಕಾಳಿಲ್ಲ. ಉಸಿರು ಬೇಕೆಂದರೆ ಬಾಗಿಲಾಚೆ ಓಡಬೇಕು.

ನಡುಮಧ್ಯಾಹ್ನವಾದರೂ ಗುಡಿಯೊಳಗೆ ಕಾಲಡಿಯ ನೆಲ ಹಿಮದಂತಿತ್ತು. ನಾನೆಬ್ಬಿಸಿದ ಧೂಳು ನೆಲಕ್ಕಿಳಿಯಲಿಲ್ಲ. ಮೆಲ್ಲಗೆ ದೇವರ ಮರದ ವಿಗ್ರಹದ ತುಟಿಗಳತ್ತ ಹೋಯಿತು, ನನ್ನತ್ತ ಬಂತು, ಮತ್ತೆ ಹೋಯಿತು.

ಹೊರಬಂದಾಗ ಪೂಜಾರಿ ಬಾಗಿಲಿಗೆ ಕಿವಿಯಿಟ್ಟು ನಿಂತಿದ್ದ.

"ಒಳಗೆ ಉಸಿರಾಡಿದ್ಯೇನೋ, ಯಾರೊಮಿರ್?"

"ನಾನಾ? ವಾರಗಟ್ಲೆ ಕಟ್ತೀನಿ, ಅಜ್ಜ!"

"ಬೊಗಳೆ ಸಾಕು. ಎರಡು ಉಸಿರು ಕೇಳಿಸ್ತು."

ನಾನು ಪೊರಕೆ ಕೆಳಗಿಟ್ಟೆ. "ಒಂದು ನಂದೇ, ಅಜ್ಜ. ತಡಿಯೋಕಾಗ್ಲಿಲ್ಲ."

ಇನ್ನೊಂದು ಯಾರದೆಂದು ಅವನು ಕೇಳಲಿಲ್ಲ. ಅದು ಒಳಗೆ ಇನ್ನೂ ಕೇಳಿಸುತ್ತಿತ್ತು.